ಅಟ್ಟದ ಮೇಲಿನ ಚಂದ್ರಿಕೆ

ಆಷಾಢದ ಗಾಳಿ ಬೀಸುತ್ತಿತ್ತು. ಮುಳ್ಳೂರಿನ ಹಳೆಯ ಹೆಂಚಿನ ಮನೆಯೊಂದರ ಜಗಲಿಯ ಮೇಲೆ ಕೂತಿದ್ದೆ. ಊರ ಪಕ್ಕದಲ್ಲೇ ಕಾವೇರಿ. ಮೇಲಿನ ಅಣೆಕಟ್ಟೆಗಳು ತುಂಬುತ್ತಿವೆ ಎಂಬ ಸುದ್ದಿ ಎರಡು ದಿನದಿಂದ ಎಲ್ಲರ ಬಾಯಲ್ಲೂ ಇತ್ತು.

ಜಗಲಿಯ ನಡುವೆ ಒಂದು ಚಂದ್ರಿಕೆ ಮಲಗಿತ್ತು. ರೇಷ್ಮೆ ಹುಳ ಸಾಕಿದ ಮನೆಯವರಿಗೆ ಚಂದ್ರಿಕೆ ಏನೆಂದು ಹೇಳಬೇಕಾಗಿಲ್ಲ. ಉಳಿದವರಿಗಾಗಿ ಹೇಳುತ್ತೇನೆ. ಎರಡೂ ಕೈ ಚಾಚಿ ಹಿಡಿಯುವಷ್ಟು ದೊಡ್ಡ ಬಿದಿರಿನ ತಟ್ಟಿ. ಅದರ ಮೇಲೆ ಬಿದಿರಿನ ತೆಳು ಪಟ್ಟಿಯನ್ನು ನಡುವಿನಿಂದ ಅಂಚಿನವರೆಗೆ, ಸುತ್ತಿನ ಪಕ್ಕ ಸುತ್ತು ಬರುವಂತೆ ನಿಲ್ಲಿಸಿ ಕಟ್ಟಿರುತ್ತಾರೆ. ಹಣ್ಣಾದ ಹುಳವನ್ನು ಆ ಸಂದಿಗಳಿಗೆ ಬಿಟ್ಟರೆ ಅದು ಅಲ್ಲೇ ಗೂಡು ಕಟ್ಟುತ್ತದೆ. ಈ ಚಂದ್ರಿಕೆಯ ಒಂದು ಮೂಲೆಯನ್ನು ಇಲಿ ಕಡಿದಿತ್ತು. ಸಂದಿಯಲ್ಲಿ ಹಳೆಯ ಜುಂಗಿನ ಎಳೆ ಇನ್ನೂ ಅಂಟಿಕೊಂಡಿತ್ತು. ಬೆರಳಿಟ್ಟರೆ ಬಿಡದೆ ಹಿಂದೆಯೇ ಬರುತ್ತಿತ್ತು.

ಮನೆಯ ಹಿರಿಯರು ಮೂವತ್ತು ವರ್ಷ ಹುಳ ಸಾಕಿ, ಈಗ ಬಿಟ್ಟವರು. ಅವರ ತಮ್ಮನ ಮಗಳು ಮೈಸೂರಿನ ಕಾವಾದಲ್ಲಿ, ಎಂದರೆ ಚಾಮರಾಜೇಂದ್ರ ದೃಶ್ಯಕಲಾ ಅಕಾಡೆಮಿಯಲ್ಲಿ, ಶಿಲ್ಪಕಲೆ ಓದುತ್ತಿದ್ದಾಳೆ. ಮಾತು ನಡೆದದ್ದು ಅವರಿಬ್ಬರ ನಡುವೆ. ನಾನು ಕೇಳಿಸಿಕೊಂಡವನು ಅಷ್ಟೆ.

ದೊಡ್ಡಪ್ಪ: ಇದ್ನ ಯಾರವ್ವ ಅಟ್ಟದಿಂದ ಇಳಿಸ್ದೋರು?

ಹುಡುಗಿ: ನಾನೇ ದೊಡ್ಡಪ್ಪ. ಎರಡು ಇದ್ವು. ಇನ್ನೊಂದನ್ನೂ ಇಳಿಸ್ಬೇಕು.

ದೊಡ್ಡಪ್ಪ: ಹುಳ ಸಾಕ್ತೀಯ?

ಹುಡುಗಿ: ಇಲ್ಲ, ಹೊಳೆ ದಂಡೆಗೆ ತಗೊಂಡು ಹೋಗ್ತೀನಿ. ಈ ಸುತ್ತನ್ನೇ ನೆಲದ ಮೇಲೆ ದೊಡ್ಡದಾಗಿ ಕಟ್ಟೋಣ ಅಂತ. ಗೋಡುಮಣ್ಣು, ಸಗಣಿ, ಹುಲ್ಲು ಕಲಸಿ ಮೊಣಕಾಲೆತ್ತರದ ಗೋಡೆ. ಇಪ್ಪತ್ತಡಿ ಅಗಲ. ನಡುವೆ ಚಂದ್ರಿಕೆ ಇಡ್ತೀನಿ. ಹೊಳೆ ಏರಿದ್ರೆ ನೀರು ಹೊರಗಿನ ಸುತ್ತಿಂದ ಒಳಗಿನ ಸುತ್ತಿಗೆ ತಿರುಗ್ತಾ ತಿರುಗ್ತಾ ಬರುತ್ತೆ. ಅದನ್ನ ಹಗಲೂ ರಾತ್ರಿ ಕ್ಯಾಮೆರಾದಲ್ಲಿ ಹಿಡೀಬೇಕು. ಕಟ್ಟಿದ್ದು ಕರಗಿ ಹೋಗುತ್ತೆ, ಸಿನಿಮಾ ಉಳಿಯುತ್ತೆ. ಇದಕ್ಕೆ ಇನ್‌ಸ್ಟಲೇಷನ್ ಅಂತಾರೆ.

ದೊಡ್ಡಪ್ಪ: ಕಟ್ಟಿದ್ದ ಹೊಳೆ ತಗಂಡೋಗದು ನಮ್ಗ ಹೊಸದಲ್ಲ ಕನವ್ವ. ನಾವು ಅದ್ಕ ನಷ್ಟ ಅಂತೀವಿ.

ಹುಡುಗಿ: ನೀನು ಹಿಂಗೇ ಅಂತೀಯ ಅಂತ ಗೊತ್ತಿತ್ತು. ಸಗಣಿ ತಗೊಂಡು ಕಲೆ ಮಾಡೋದನ್ನ ನಾನು ಕಂಡುಹಿಡಿದಿಲ್ಲ ದೊಡ್ಡಪ್ಪ. ಶೀಲಾ ಗೌಡ ಅಂತ ಇದ್ದಾರೆ. 1957ರಲ್ಲಿ ಭದ್ರಾವತಿಯಲ್ಲಿ ಹುಟ್ಟಿದೋರು, ಇರೋದು ಬೆಂಗಳೂರಲ್ಲಿ. ಮೊದಲು ಕೆನ್ ಕಲಾಶಾಲೆ, ಆಮೇಲೆ ಶಾಂತಿನಿಕೇತನ, ಲಂಡನ್ನಿನ ರಾಯಲ್ ಕಾಲೇಜ್ ಆಫ್ ಆರ್ಟ್. ಬಣ್ಣದಲ್ಲಿ ಚಿತ್ರ ಬರೀತಿದ್ದೋರು. 1992ರ ಡಿಸೆಂಬರಲ್ಲಿ ಬಾಬರಿ ಮಸೀದಿ ಕೆಡವಿದ್ರಲ್ಲ, ಅದರ ಹಿಂದೇನೇ ಮುಂಬೈ ಹೊತ್ತಿ ಉರೀತಲ್ಲ, ಆ ಕಾಲದಲ್ಲಿ ಅವರು ಸಗಣಿಗೆ ಕೈ ಹಾಕಿದ್ರು.

ದೊಡ್ಡಪ್ಪ: ಹೊಡದಾಟಕ್ಕೂ ಸಗಣಿಗೂ ಏನವ್ವ ಸಂಬಂಧ?

ಹುಡುಗಿ: ನನಗೆ ತಿಳಿದ ಹಾಗೆ ಹೇಳ್ತೀನಿ. ದೇವರ ಹೆಸರಲ್ಲಿ ಕೊಲ್ಲೋ ಕಾಲ ಅದು. ಸಗಣಿ ದೇವರ ಮುಂದೂ ಇರುತ್ತೆ, ಒಲೆಯೊಳಗೂ ಇರುತ್ತೆ. ಅದನ್ನ ದಿನಾ ಮುಟ್ಟೋರು ಹೆಣ್ಮಕ್ಕಳು. ಯಾರನ್ನೂ ನೋಯಿಸದ ವಸ್ತು. ಅಂಗಡಿಯಿಂದ ತಂದ ಬಣ್ಣದ ಟ್ಯೂಬಲ್ಲಿ ಇದೆಲ್ಲ ಎಲ್ಲಿದೆ? ಅವರು ಸಗಣಿಯಲ್ಲಿ ಇಟ್ಟಿಗೆ ಮಾಡಿ, ನೆಲದ ಮೇಲೆ ಬಾಗಿದ ಸಾಲಾಗಿ ಜೋಡಿಸಿ, ನಡುವಿನ ಸಂದಿಗೆ ಕುಂಕುಮ ತುಂಬಿದ್ರು. ಅದನ್ನ ನೋಡಿದ್ರೆ ಗೋಡೆನೂ ಅನ್ನಿಸುತ್ತೆ, ಗಾಯನೂ ಅನ್ನಿಸುತ್ತೆ.

ದೊಡ್ಡಪ್ಪ: ನಿಮ್ಮಜ್ಜಿ ಒಂದೊಂದು ಬೆಳೆಗೂ ಮುಂಚ ಮಂಕ್ರಿ, ತಟ್ಟೆ, ಗೋಡೆ ಎಲ್ಲಾನೂ ಸಾರಿಸ್ತಿದ್ಲು. ನೆಲದ್ ಮ್ಯಾಲ ಅವಳ ಕೈ ಗುರುತು ಕಮಾನ್ ಕಮಾನಾಗಿ ಕಾಣೋದು. ಒಂದ್ರ ಮ್ಯಾಲ ಒಂದು ಮೀನಿನ ಪೊರೆ ಹಂಗ. ಯಾವ ಲಂಡನ್ನೋರೂ ಬಂದು ನೋಡ್ಲಿಲ್ಲ.

ಹುಡುಗಿ: ಅದೇ ನಾನು ಹೇಳ್ತಿರೋದು! ಯಾರೂ ನೋಡ್ಲಿಲ್ಲ. ಮನೆಯೋರೇ ನೋಡ್ಲಿಲ್ಲ. ತುಳ್ಕೊಂಡು ಓಡಾಡಿದ್ರು.

ದೊಡ್ಡಪ್ಪ: ನೋಡಕ್ಕೆ ಅಂತ ಅಲ್ಲ ಅವಳು ಸಾರಿಸ್ತಿದ್ದದ್ದು. ಹುಳ ಬದುಕ್ಲಿ ಅಂತ.

ಹುಡುಗಿ ಸ್ವಲ್ಪ ಹೊತ್ತು ಸುಮ್ಮನಾದಳು. ಶೀಲಾ ಗೌಡರ ಕೆಲಸದ ಬಗ್ಗೆ ಓದಿದಾಗಲೆಲ್ಲ ನನಗೆ ಕಾಡುವುದೂ ಇದೇ. ಕೆಲಸದ ವಸ್ತುವನ್ನು ಕೆಲಸದಿಂದ ಬಿಡಿಸಿ ನೋಡಲೆಂದು ಇಟ್ಟಾಗ ಅದಕ್ಕೆ ಗೌರವ ಸಿಗುತ್ತದೆಯೋ, ಅದರ ಉಸಿರು ನಿಲ್ಲುತ್ತದೆಯೋ? ಎರಡೂ ಆಗುತ್ತದೆ ಎನ್ನುವುದು ಸುಲಭದ ಉತ್ತರ. ಅವರಿಬ್ಬರಿಗೂ ಅದು ಬೇಕಿರಲಿಲ್ಲ.

ಹುಡುಗಿ: ಸರಿ, ಕೂದಲಿನ ಕತೆ ಕೇಳು. ಬೆಂಗಳೂರಲ್ಲಿ ಕಾರಿನ ಬಂಪರಿಗೆ ಕಪ್ಪು ಕೂದಲಿನ ಹಗ್ಗ ಕಟ್ಟಿರ್ತಾರಲ್ಲ, ದೃಷ್ಟಿಗೆ?

ದೊಡ್ಡಪ್ಪ: ಲಾರಿಗೂ ಕಟ್ತಾರ.

ಹುಡುಗಿ: ಆ ಹಗ್ಗ ದೇವಸ್ಥಾನಗಳಲ್ಲಿ ಜನ ಕೊಟ್ಟ ಮುಡಿಯ ಕೂದಲಿಂದ ಹೊಸೆದದ್ದು. ಶೀಲಾ ಗೌಡ ಅಂಥ ಹಗ್ಗ ಸುಮಾರು 4,000 ಮೀಟರ್ ತಗೊಂಡು, ಇಪ್ಪತ್ತು ಕಾರ್ ಬಂಪರುಗಳನ್ನ ಗೋಡೆಯಿಂದ ಅದರಲ್ಲೇ ನೇತುಹಾಕಿದ್ರು. ಹೆಸರು 'ಬಿಹೋಲ್ಡ್'. ನೋಡಿ ಅಂತ. 2009ರಲ್ಲಿ ವೆನಿಸ್ ಬಿನಾಲೆಯಲ್ಲಿ ತೋರಿಸಿದ್ರು. ಈಗ ಲಂಡನ್ನಿನ ಟೇಟ್ ಮ್ಯೂಸಿಯಂ ಸಂಗ್ರಹದಲ್ಲಿದೆ. ಅಷ್ಟು ಭಾರದ ಉಕ್ಕನ್ನ ಕೂದಲು ಹೊತ್ಕೊಂಡು ನಿಂತಿದೆ ದೊಡ್ಡಪ್ಪ. ಫೋಟೋದಲ್ಲಿ ನೋಡಿದ್ರೇನೇ ಮೈ ಜುಂ ಅನ್ನುತ್ತೆ.

ದೊಡ್ಡಪ್ಪ: ನಿನ್ ಮುಡೀನೂ ಮಾದಪ್ಪನ ಬೆಟ್ಟದಲ್ಲೇ ತೆಗ್ಸಿದ್ದು. ನಂದೂ ಅಲ್ಲೇ. ನಿಮ್ಮಪ್ಪಂಗ ಹುಷಾರಿಲ್ದೆ ಇದ್ದಾಗ ಹರಸ್ಕಂಡು ನಿಮ್ಮವ್ವ ಕೊಟ್ಲಲ್ಲ ಮಾರುದ್ದ ಕೂದಲು, ಮರ್ತೋಯ್ತ? ಕೊಟ್ಟ್ ಮ್ಯಾಲ ಅದು ಮಾದಪ್ಪಂದು. ಆಮ್ಯಾಲ ಎಲ್ಲಿಗೋಯ್ತದ ಅಂತ ನಾವು ಕೇಳದಿಲ್ಲ.

ಹುಡುಗಿ: ಕೇಳ್ಬೇಕಲ್ಲ ದೊಡ್ಡಪ್ಪ! ದೇವಸ್ಥಾನಗಳ ಕೂದಲು ಹರಾಜಾಗುತ್ತೆ. ಉದ್ದದ್ದು ವಿಗ್ ಆಗಿ ಹೊರದೇಶಕ್ಕೆ ಹೋಗುತ್ತೆ. ನಿನ್ನ ಹರಕೆ ಯಾರದೋ ತಲೆ ಮೇಲೆ ಕೂತಿರುತ್ತೆ. ನಮ್ಮ ಮೈಯಿಂದ ಹೊರಟದ್ದು ಎಲ್ಲಿಗೆ ಹೋಗುತ್ತೆ ಅಂತ ಹಿಂದೆ ಹಿಂದೆ ಹೋಗಿ ನೋಡಿದೋರು ಅವರು.

ದೊಡ್ಡಪ್ಪ: ಹಂಗಾದ್ರ ನಾನೂ ಒಂದ್ ಮಾತು ಹೇಳ್ತೀನಿ, ಕೇಳು. ಇಲ್ಲಿಂದ ಹೊರಟದ್ದು ಎಲ್ಲಿಗೋಯ್ತು ಅಂತ ನಂಗೂ ಗೊತ್ತು. ಇಲ್ಲೇ ಶಿವನಸಮುದ್ರದಲ್ಲಿ 1902ರಲ್ಲಿ ಕರೆಂಟ್ ಹುಟ್ತು. ಹೋಗಿದ್ದು ಎಲ್ಲಿಗ? ಕೋಲಾರದ ಚಿನ್ನದ ಗಣಿಗ. ನಮ್ ತಾತನ್ ಮನೇಲಿ ಸೀಮೆಎಣ್ಣೆ ಬುಡ್ಡಿ. ಹೊಳೆ ನೀರ ಆಚೆ ದಡದ ತೊರೆಕಾಡನಹಳ್ಳಿಂದ ಪಂಪ್ ಮಾಡಿ ಬೆಂಗಳೂರ್ಗ ಏರಿಸ್ತಾರ. ಗೂಡು ರಾಮನಗರದ ಮಾರ್ಕೆಟ್‌ಗೋಯ್ತು. ಈಗ ನೀನು ಬಂದು ನಮ್ ಹೊಳೆ ಚಿತ್ರಾನೂ ತಗಂಡೋಯ್ತೀನಿ ಅಂತೀಯ. ಅದ ಯಾರ್ ನೋಡ್ತಾರ? ಮುಳ್ಳೂರ್ನೋರ?

ಈ ಮಾತಿಗೆ ತಕ್ಷಣ ಉತ್ತರ ಸಿಗುವುದಿಲ್ಲ ಎಂದುಕೊಂಡೆ. ಹುಡುಗಿಯ ಮುಖ ಕೆಂಪಾಗಿತ್ತು, ಆದರೆ ಅವಳು ಹಿಂದೆ ಸರಿಯಲಿಲ್ಲ.

ಹುಡುಗಿ: ಬೆಂಗಳೂರಿನೋರು ನೋಡ್ಲಿ ಅಂತಾನೇ ತಗೊಂಡು ಹೋಗೋದು. ನಲ್ಲಿ ತಿರುಗಿಸಿದ್ರೆ ಬರೋ ನೀರು ಯಾರ ಗದ್ದೆ ಪಕ್ಕದಿಂದ ಬಂತು ಅಂತ ಅವರಿಗೆ ಗೊತ್ತಾಗೋದು ಬೇಡ್ವಾ? ಆದ್ರೆ ನಿನ್ನ ಮಾತಲ್ಲಿ ಒಂದು ನಿಜ ಇದೆ, ಒಪ್ಕೋತೀನಿ. ಮೊದಲು ಇಲ್ಲಿ ತೋರಿಸ್ಬೇಕು. ಹಂಗೆ ಆಯಾ ನೆಲದೋರಿಗೂ ತೋರಿಸಿದೋರು ಇದ್ದಾರೆ. ಅಮರ್ ಕನ್ವರ್ ಅಂತ, ಸಿನಿಮಾ ಮಾಡೋರು. ಒಡಿಶಾದಲ್ಲಿ ಗಣಿಗೆ, ಕಾರ್ಖಾನೆಗೆ ಅಂತ ಹೊಲ ಕಿತ್ಕೊಳ್ತಿದ್ದ ಜಾಗಗಳಿಗೆ ಹೋಗಿ ಚಿತ್ರ ತೆಗೆದ್ರು. ಹೊಡೆದಾಟ ಇಲ್ಲ, ಘೋಷಣೆ ಇಲ್ಲ. ಬರೀ ಹುಲ್ಲು, ನೀರು, ಗಾಳಿ, ಮರ. ಆದ್ರೆ ತೆರೆ ಮೇಲೆ ಕಾಣೋ ಜಾಗ ಹೆಚ್ಚುಕಡಿಮೆ ಅಷ್ಟೂ ಕೈಬಿಟ್ಟು ಹೋಗಲಿರೋ ಜಾಗ. 'ದಿ ಸೀನ್ ಆಫ್ ಕ್ರೈಮ್' ಅಂತ ಅದರ ಹೆಸರು. ಅಪರಾಧ ನಡೆದ ಸ್ಥಳ.

ದೊಡ್ಡಪ್ಪ: ಹುಲ್ಲು ಅಲ್ಲಾಡದ ತೋರ್ಸಿ ಅಪರಾಧ ಅಂದ್ರ ಜನಕ್ಕ ತಿಳೀತದ?

ಹುಡುಗಿ: ನಲವತ್ತು ನಿಮಿಷ ಸುಮ್ನೆ ಕೂತು ನೋಡಿದೋರಿಗೆ ತಿಳಿಯುತ್ತೆ. ಕಾಲೇಜಲ್ಲಿ ತೋರಿಸಿದ್ರು. ಮೊದಲ ಹತ್ತು ನಿಮಿಷ ನನಗೂ ಬೇಜಾರಾಯ್ತು. ಆಮೇಲೆ ಒಂದು ಹುಲ್ಲಿನ ಎಸಳು ಗಾಳಿಗೆ ಬಾಗೋದನ್ನ ನೋಡ್ತಾ ನೋಡ್ತಾ, ಇದು ಇನ್ನಿರಲ್ಲ ಅನ್ನೋದು ಹೊಟ್ಟೆಗೆ ಇಳೀತು. ಅದೊಂದೇ ಅಲ್ಲ, ಆ ಸಿನಿಮಾ ಜೊತೆಗೆ ನಾಟಿ ಬತ್ತದ ತಳಿ 250ಕ್ಕೂ ಹೆಚ್ಚು ಇಟ್ಟಿದ್ರು. ಚಿಕ್ಕ ಚಿಕ್ಕ ಗೂಡಲ್ಲಿ, ಒಂದೊಂದು ತಳಿದೂ ಒಂದೊಂದು ಹಿಡಿ. ಎಲ್ಲ ಸೇರಿ 'ದಿ ಸಾವರಿನ್ ಫಾರೆಸ್ಟ್' ಅಂತ ಹೆಸರು. 2012ರಲ್ಲಿ ಜರ್ಮನಿಯಲ್ಲಿ ತೋರಿಸಿದ್ರು, ಅದೇ ವರ್ಷ ಭುವನೇಶ್ವರದಲ್ಲೂ ಬಾಗಿಲು ತೆರೆದು ಇಟ್ರು. ರೈತರು ಬಂದು ನೋಡಿದ್ರು.

ದೊಡ್ಡಪ್ಪ: ಬೀಜ ಇಟ್ಟಿದ್ನ?

ಹುಡುಗಿ: ಬೀಜಾನೇ.

ದೊಡ್ಡಪ್ಪ: ಹಂಗಾದ್ರ ಆವಯ್ಯ ಬುದ್ಧಿವಂತ. ನೋಡಿ ಆದ್ ಮ್ಯಾಲ ಬಿತ್ತಬೋದು.

ಅವರು ಅಷ್ಟು ಹೊತ್ತಿಗೆ ಕೆಳಗೆ ಕೂತು ಚಂದ್ರಿಕೆಯನ್ನು ತಮ್ಮ ಕಡೆಗೆ ಎಳೆದುಕೊಂಡಿದ್ದರು. ಹೆಬ್ಬೆರಳಿನಿಂದ ಹೊರಸುತ್ತನ್ನು ಒತ್ತುತ್ತ, ಸಡಿಲವಾದ ಕಡೆ ನಿಲ್ಲುತ್ತ, ಮತ್ತೆ ಮುಂದಕ್ಕೆ ಹೋಗುತ್ತ ಇದ್ದರು. ನಡುವಿಗೆ ಬರುವವರೆಗೆ ಆ ಬೆರಳು ಸುತ್ತನ್ನು ಬಿಟ್ಟು ಏಳಲಿಲ್ಲ. ಹುಡುಗಿ ಆ ಬೆರಳನ್ನೇ ನೋಡುತ್ತಿದ್ದಳು.

ಹುಡುಗಿ: ಇಂಥದೇ ಸುತ್ತನ್ನ ಅಮೆರಿಕದಲ್ಲಿ ಒಬ್ಬರು ಸರೋವರದೊಳಗೆ ಕಟ್ಟಿದ್ರು. ರಾಬರ್ಟ್ ಸ್ಮಿತ್‌ಸನ್ ಅಂತ. 1970ರಲ್ಲಿ, ಯೂಟಾ ರಾಜ್ಯದ ಗ್ರೇಟ್ ಸಾಲ್ಟ್ ಲೇಕ್ ಅನ್ನೋ ಉಪ್ಪು ನೀರಿನ ಸರೋವರ. ಕಪ್ಪು ಕಲ್ಲು, ಮಣ್ಣು ಲಾರೀಲಿ ತಂದು ಸುರಿಸಿ, ದಡದಿಂದ ನೀರೊಳಕ್ಕೆ 1,500 ಅಡಿ ಉದ್ದದ ಏರಿ. 15 ಅಡಿ ಅಗಲ. ಏರಿ ಹೋಗ್ತಾ ಹೋಗ್ತಾ ಸುರುಳಿ ಸುತ್ಕೊಳ್ಳುತ್ತೆ. 'ಸ್ಪೈರಲ್ ಜೆಟ್ಟಿ'. ಅದನ್ನ ಕಟ್ಟಿದ್ದನ್ನೇ ಅರ್ಧ ಗಂಟೆ ಸಿನಿಮಾ ಮಾಡಿದ್ರು. ಎರಡು ವರ್ಷದೊಳಗೆ ಸರೋವರ ಏರಿ ಅದು ಮುಳುಗಿತು. ಮೂವತ್ತು ವರ್ಷ ಹೆಚ್ಚುಕಡಿಮೆ ನೀರೊಳಗೇ ಇತ್ತು. ಬರ ಬಂದು 2002ರಲ್ಲಿ ಮತ್ತೆ ಎದ್ದಾಗ ಕಪ್ಪು ಕಲ್ಲಿಗೆಲ್ಲ ಬಿಳೀ ಉಪ್ಪು ಹರಳು ಕಟ್ಟಿತ್ತು. ನೋಡಕ್ಕೆ ಕಟ್ಟಿದೋರೇ ಇರಲಿಲ್ಲ. 1973ರಲ್ಲೇ ವಿಮಾನ ಅಪಘಾತದಲ್ಲಿ ಹೋಗಿಬಿಟ್ಟಿದ್ರು, 35 ವರ್ಷಕ್ಕೆ. ಅಷ್ಟು ಕಾಲ ಜನಕ್ಕೆ ಉಳಿದಿದ್ದು ಸಿನಿಮಾ, ಫೋಟೋ.

ದೊಡ್ಡಪ್ಪ: ಅಮೆರಿಕದ ಚಂದ್ರಿಕೆ.

ಹುಡುಗಿ: ಹೂಂ.

ದೊಡ್ಡಪ್ಪ: ಆದ್ರ ಅದ್ರಲ್ಲಿ ಹುಳ ಇಲ್ಲ. ನಮ್ ಚಂದ್ರಿಕೇಲಿ ಸುತ್ತು ದೊಡ್ಡದಲ್ಲ ಕನವ್ವ, ಸಂದಿ ದೊಡ್ಡದು. ನಾಕ್ನೇ ಜ್ವರ ಎದ್ದು, ವಾರ ಸೊಪ್ಪು ತಿಂದು, ಹುಳ ಹಣ್ಣಾಯ್ತದ. ಮೈ ಎಳೇ ಜೇನಿನ ಹಂಗ ಆಗಿ ಬೆಳಕಿಗೆ ಹಿಡುದ್ರ ಒಳಗೆಲ್ಲ ಕಾಣ್ತದ. ತಲೆ ಎತ್ತಿ ಆಕಡೆ ಈಕಡೆ ಹುಡುಕ್ತದ, ಎಲ್ಲಿ ಆತ್ಕಳ್ಳಿ ಅಂತ. ಆವಾಗ ಒಂದೊಂದಾಗಿ ಆಯ್ದು ಬಿಡ್ಬೇಕು. ಸಂದಿ ಜಾಸ್ತಿ ಆದ್ರ ಗೂಡು ಪೊಳ್ಳಾಯ್ತದ, ಕಮ್ಮಿ ಆದ್ರ ಎರಡು ಹುಳ ಸೇರಿ ಜೋಡಿಗೂಡು ಕಟ್ತವ, ಬೆಲೆ ಇಲ್ಲ. ಚಂದ್ರಿಕೆ ಹೆಣ್ಯೋನು ಅಳತೆಪಟ್ಟಿ ಹಿಡೀತಿರ್ಲಿಲ್ಲ. ಬೆರಳಲ್ಲಿ ಅಳೀತಿದ್ದ. ಆವಯ್ಯ ಸರೋವರದೊಳಕ್ಕ ಕಲ್ಲು ಸುರುದ್ನಲ್ಲ, ಯಾವುದಕ್ಕ ಆತ್ಕಳ್ಳಕ ಜಾಗ ಮಾಡ್ದ?

ಹುಡುಗಿ: (ತುಸು ತಡೆದು) ಉಪ್ಪಿಗೆ.

ದೊಡ್ಡಪ್ಪನಿಗೆ ಆ ಉತ್ತರ ಹಿಡಿಸಿತು ಎಂದು ಮುಖದಲ್ಲೇ ಗೊತ್ತಾಯಿತು. ಬಾಯಲ್ಲಿ ಮಾತ್ರ ಒಪ್ಪಲಿಲ್ಲ.

ದೊಡ್ಡಪ್ಪ: ಕಟ್ಟಿ ಕಳಕಳ್ಳದು ಏನು ಅವ್ರಿಗ್ ಮಾತ್ರ ಗೊತ್ತ? ಚಿಕ್ಕಲ್ಲೂರ್ ಜಾತ್ರೇಲಿ ಬನದ ಹುಣ್ಣಿಮೆ ರಾತ್ರಿ ಚಂದ್ರಮಂಡಲ ನೋಡಿದ್ದೀಯಲ್ಲ. ಬಿದಿರು ಕಟ್ಟಿ, ಬಟ್ಟೆ ಸುತ್ತಿ, ಎಣ್ಣೆ ಹಾಕಿ ಎಷ್ಟು ಚೆಂದ ನಿಲ್ಲಿಸ್ತಾರ. ಸಿದ್ದಪ್ಪಾಜಿ ಹೆಸ್ರಲ್ಲಿ ಹಚ್ಚುದ್ರ ಧಗ್ ಅಂತ ಉರೀತದ. ಯಾವ ದಿಕ್ಕಿಗ ಚೆನ್ನಾಗಿ ಉರೀತದೋ ಆ ಕಡೆ ಮಳೆ ಬೆಳೆ. ಬೆಳಿಗ್ಗೆ ನೋಡುದ್ರ ಬೂದಿ. ಯಾರ್ ಕಟ್ಟಿದ್ದು ಅಂತ ಹೆಸ್ರು ಬರ್ಯಲ್ಲ. ಒಂದೂರಲ್ಲ, ಸುತ್ತೇಳು ಊರ್ನೋರು ಸೇರಿ ಮಾಡದು. ಮುಂದಿನ್ ವರ್ಷ ಮತ್ತ ಕಟ್ತಾರ. ಅದ ನೋಡಕ ಕ್ಯಾಮೆರಾ ಬೇಕ?

ಹುಡುಗಿ: ಅದು ಬೇರೆ ದೊಡ್ಡಪ್ಪ. ಚಂದ್ರಮಂಡಲ ಉರಿದಾಗ ನೋಡ್ತಿರೋರಿಗೆಲ್ಲ ಅದೇನು ಅಂತ ಮೊದಲೇ ಗೊತ್ತು. ನಂಬಿಕೆ ಅಲ್ಲಿ ಸಿದ್ಧ ಇರುತ್ತೆ. ಶೀಲಾ ಗೌಡ 2007ರಲ್ಲಿ ಜರ್ಮನಿಯ ಕಾಸೆಲ್‌ನಲ್ಲಿ ಊದುಬತ್ತಿ ಮಾಡೋ ಹಿಟ್ಟನ್ನೇ ನಾದಿ, ಆಕಾರ ಮಾಡಿ, ಕಬ್ಬಿಣದ ಜಾಲರಿ ಮೇಲಿಟ್ಟು ಹಚ್ಚಿದ್ರು. ನಿಧಾನಕ್ಕೆ ಉರಿದು ಬೂದಿಯಾಗಿ, ಅದೇ ಆಕಾರದಲ್ಲಿ ಬೂದಿ ಉಳೀತು. ಮೇಲಿಂದ ನೋಡಿದ್ರೆ ಯುದ್ಧದಲ್ಲಿ ಸುಟ್ಟ ಊರಿನ ನಕ್ಷೆ ಥರ. ಊದುಬತ್ತಿ ಅಂದ್ರೆ ಏನು ಅಂತ ಅಲ್ಲಿನವರಿಗೆ ಗೊತ್ತಿತ್ತೋ ಇಲ್ವೋ. ಗೊತ್ತಿಲ್ಲದೋರ ಮುಂದೆ ನಂಬಿಕೆ ಇಲ್ಲದೆ ಇಟ್ಟು, ಅವರನ್ನ ನಿಲ್ಲಿಸ್ಬೇಕು. ಇದು ಕಷ್ಟ.

ದೊಡ್ಡಪ್ಪ: ಕಷ್ಟ ಅಂತ ಒಪ್ತೀನಿ. ಊದುಬತ್ತಿ ಹೊಸಿಯೋ ಹೆಂಗಸ್ರ ಕೂಲಿಗಿಂತ ಕಷ್ಟ ಅಂತ ಒಪ್ಪಲ್ಲ.

ಹುಡುಗಿ: ನಾನೂ ಹಂಗೆ ಹೇಳಲ್ಲ. ಅವರೂ ಹೇಳಲ್ಲ ಅನ್ಸುತ್ತೆ. ಅವರ ಇನ್ನೊಂದು ಕೆಲಸ ಇದೆ. ರಸ್ತೆ ಕೆಲಸದೋರು ಡಾಂಬರ್ ಡ್ರಮ್ಮನ್ನ ಬಡಿದು ತಗಡು ಮಾಡಿ ಗುಡಿಸಲು ಕಟ್ಕೋತಾರಲ್ಲ, ಅದೇ ಡ್ರಮ್ಮುಗಳಿಂದ ಒಂದು ಕೋಣೆ ಮಾಡಿದ್ರು. ಹೊರಗಿಂದ ಅರಮನೆ ಕಂಬದ ಹಾಗೆ ಕಾಣುತ್ತೆ. ಬಗ್ಗಿ ತೆವಳ್ಕೊಂಡೇ ಒಳಗೆ ಹೋಗ್ಬೇಕು. ಒಳಗೆ ಕತ್ತಲು. ತಲೆ ಎತ್ತಿದ್ರೆ ತಗಡಿನ ತೂತುಗಳಿಂದ ಬೆಳಕು ಬಂದು ನಕ್ಷತ್ರ ಅಂತ ಅನ್ಸುತ್ತೆ. ಆ ಗುಡಿಸಲಲ್ಲಿ ಮಲಗಿರೋರು ರಾತ್ರಿ ಏನು ನೋಡ್ತಾರೆ ಅಂತ ಒಮ್ಮೆನಾದ್ರೂ ಯೋಚನೆ ಬರ್ಬೇಕಾದ್ರೆ ಮೊಣಕಾಲೂರಿ ಹೋಗ್ಲೇಬೇಕು.

ದೊಡ್ಡಪ್ಪ: (ನಿಧಾನವಾಗಿ) ಅದು ಚೆನ್ನಾಗದ.

ಮಾತು ಹೊಳೆಗೆ ತಿರುಗಿದ್ದು ಇಲ್ಲಿಂದ. ಅಲ್ಲಿಯವರೆಗೆ ಇಬ್ಬರೂ ದೂರದ ಊರುಗಳ ಮಾತಾಡುತ್ತಿದ್ದರು. ಹೊಳೆ ಮಾತ್ರ ಮನೆಯ ಹಿಂದೆಯೇ ಇತ್ತು.

ದೊಡ್ಡಪ್ಪ: ಒಂದ್ ಕೇಳ್ತೀನಿ. ಬಂದಾಗಿಂದ ಪ್ರಕೃತಿ, ಪ್ರಕೃತಿ ಅಂತಿದ್ದೀಯ. ಪ್ರಕೃತಿ ಜೊತೆ ಕೆಲಸ ಮಾಡ್ತೀನಿ ಅಂತ ನಿಮ್ಮವ್ವಂಗೂ ಹೇಳ್ದಂತ. ಈ ಹೊಳೆ ಪ್ರಕೃತಿ ಅಂತ ಯಾರ್ ಹೇಳುದ್ರು ನಿಂಗ? ಮಳೆ ಬೀಳದು ಕೊಡಗ್ನಲ್ಲಿ, ವಯನಾಡಲ್ಲಿ. ಕೆಆರ್‌ಎಸ್ 124.80 ಅಡಿ ಆಯ್ತು, ಕಬಿನಿ ತುಂಬ್ತು ಅಂದ್ರ ಗೇಟ್ ಎತ್ತುತಾರ. ಎರಡೂ ನೀರು ನರಸೀಪುರದಲ್ಲಿ ಕೂಡ್ಕಂಡು ಇಲ್ಲಿಗ್ ಬತ್ತದ. ನಮ್ಮೂರಲ್ಲಿ ಆವತ್ತು ಒಂದ್ ಹನಿ ಮಳೆ ಇರಲ್ಲ. ಬಿಸ್ಲು ಚುರ್ ಅಂತಿರ್ತದ. ಆಕಾಶ ನೀಲಿ. ಗದ್ದೆ ನೀರು. ಬಿಸ್ಲಲ್ಲಿ ನಿಂತ್ಕಂಡು ಬತ್ತ ಮುಳುಗದ ನೋಡ್ತೀವಿ.

ಹುಡುಗಿ: ಬಿಸಿಲಲ್ಲಿ...

ದೊಡ್ಡಪ್ಪ: ಹೂಂ. ಅದ್ಕೂ ಮುಂಚ ಆಟೋದಲ್ಲಿ ಮೈಕ್ ಕಟ್ಕಂಡ್ ಬತ್ತಾರ. ಇಷ್ಟು ಕ್ಯೂಸೆಕ್ ಬಿಡ್ತಾವ್ರ, ದನಕರ ಮ್ಯಾಕ್ ಹೊಡ್ಕಂಡೋಗಿ ಅಂತ. ಹಿಂದ ನಮ್ಮಪ್ಪ ಹೊಳೆ ಬಣ್ಣ ನೋಡಿ, ತೇಲ್ಕಂಡ್ ಬರ ಕಸ ನೋಡಿ, ನಾಳಿಕ್ಕ ಎಷ್ಟು ಬತ್ತದ ಅಂತ ಹೇಳನು. ನಂಗೂ ಸ್ವಲ್ಪ ಗೊತ್ತದ. ಈಗ ಕಸ ನೋಡುದ್ರ ಏನೂ ಗೊತ್ತಾಗಲ್ಲ. ಗೇಟಿನೋರ ಮನಸ್ಸು ಕಸದಲ್ಲಿ ತೇಲ್ಕಂಡ್ ಬರಲ್ಲ.

ಹುಡುಗಿ ಎದ್ದು ಒಳಗೆ ಹೋಗಿ ಒಂದು ನೋಟ್‌ಬುಕ್ ತಂದಳು. ಏನೋ ಬರೆದಳು, ಹೊಡೆದು ಹಾಕಿದಳು.

ಹುಡುಗಿ: ನಾನು ಸಿನಿಮಾದಲ್ಲಿ ಮೋಡ, ಮಳೆ, ಗುಡುಗು ಅಂತೆಲ್ಲ ಅಂದ್ಕೊಂಡಿದ್ದೆ. ತಪ್ಪು. ಬಿಸಿಲಿರಬೇಕು. ನೀಲಿ ಆಕಾಶ, ಮೈಕಿನ ಧ್ವನಿ, ಸುತ್ತಿನೊಳಗೆ ಬರೋ ನೀರು. ದೊಡ್ಡಪ್ಪ, ಇದನ್ನ ನೀನು ಹೇಳದೆ ಇದ್ದಿದ್ರೆ ನಾನು ಸುಳ್ಳು ಸಿನಿಮಾ ಮಾಡ್ತಿದ್ದೆ.

ದೊಡ್ಡಪ್ಪ: ಈಗ್ಲೂ ಮಾಡು ಅಂತ ನಾನೆಲ್ಲಿ ಹೇಳ್ದೆ? 2018ರಲ್ಲಿ ಬಂತು. 2019ರಲ್ಲಿ ಮತ್ತ ಬಂತು. 2024ರಲ್ಲಿ ಇನ್ನೊಂದ್ಸಲ. ದಾಸನಪುರ, ಹಳೇ ಅಣಗಳ್ಳಿ, ಹಂಪಾಪುರ, ಯಡಕುರಿಯ, ನಮ್ಮೂರು, ಎಲ್ಲಾ ಕಡೆ. ಹೆಂಗಸ್ರು ಮಕ್ಕಳು ಕಾಳಜಿ ಕೇಂದ್ರದಲ್ಲಿ ಚಾಪೆ ಮ್ಯಾಲ. ಆವಾಗ್ಲೂ ಕ್ಯಾಮೆರಾ ಬಂದಿದ್ವು. ಒಬ್ಬ ನನ್ನ ಸೊಂಟದುದ್ದ ನೀರ್ಗ ಇಳಿ ಅಂದ. ಇಳ್ದೆ. ಇನ್ನೂ ಸ್ವಲ್ಪ ಮುಂದಕ್ ಹೋಗಿ ಯಜಮಾನ್ರೆ, ಬತ್ತದ ಪೈರ ಕೈಲಿ ಹಿಡ್ಕಳಿ ಅಂದ. ಹಿಡ್ಕಂಡೆ. ಅಳು ಅನ್ಲಿಲ್ಲ, ಅದೊಂದು ಪುಣ್ಯ. ಸಾಯಂಕಾಲ ಟೀವಿಲಿ ಒಂದ್ ನಿಮಿಷ ಬಂತು. ನನ್ ಮುಖ ನಾನೇ ನೋಡ್ಕಂಡು ನಾಚ್ಕೆ ಆಯ್ತು ನಂಗ. ನೀನೂ ಕ್ಯಾಮೆರಾ ತರ್ತೀನಿ ಅಂತೀಯ. ನಿಂದಕ್ಕೂ ಅದಕ್ಕೂ ಏನ್ ವ್ಯತ್ಯಾಸ, ಹೇಳು.

ಇಷ್ಟು ಹೊತ್ತು ಅವರು ದನಿ ಏರಿಸಿರಲಿಲ್ಲ. ಈಗಲೂ ಏರಿಸಲಿಲ್ಲ. ಅದಕ್ಕೇ ಮಾತು ಹೆಚ್ಚು ತಾಗಿತು. ನಾನೂ ಪತ್ರಿಕೆಗೆ ಬರೆಯುವವನು. ಉತ್ತರಕ್ಕೆ ಹುಡುಗಿಯಷ್ಟೇ ನಾನೂ ಕಾದೆ.

ಹುಡುಗಿ: ಅವರು ನಿನ್ನನ್ನ ನೀರಿಗೆ ಇಳಿಸಿದ್ರು. ನಾನು ನಿನ್ನ ಇಳಿಸಲ್ಲ. ಮುಖ ಇರಲ್ಲ, ಅಳು ಇರಲ್ಲ. ಅವರದು ಒಂದು ನಿಮಿಷ, ನಂದು ನೀರು ಬಂದಷ್ಟು ಹೊತ್ತು. ನಾನೂ ದಂಡೇಲೇ ಕೂತಿರ್ತೀನಿ.

ದೊಡ್ಡಪ್ಪ: ಮುಖ ಇಲ್ದೆ ಇದ್ರ ನೋವು ಯಾರದು ಅಂತ ನೋಡೋರಿಗ ಹೆಂಗ್ ಗೊತ್ತಾಯ್ತದ? ಸುತ್ತು ಕರಗದು ನೋಡಿ ಚೆಂದ ಅಂತಾರ. ಚೆಂದ ಅಂದ್ ಮ್ಯಾಲ ಮುಗೀತು.

ಹುಡುಗಿ: ಚೆಂದ ಅನ್ನೋದು ಅಷ್ಟು ಕೆಟ್ಟದ್ದಾ ದೊಡ್ಡಪ್ಪ? ಶಿವನಸಮುದ್ರದ ವೆಲ್ಲೆಸ್ಲಿ ಸೇತುವೆ ನೆನಪಿದೆಯಾ? ನೀನೇ ನನ್ನ ಸೈಕಲ್ಲಲ್ಲಿ ಕೂರಿಸ್ಕೊಂಡು ಹೋಗಿ ತೋರಿಸಿದ್ದೆ. ಉದ್ದಕ್ಕೆ ಸಾಲು ಕಲ್ಲುಕಂಬ. 1830ರ ದಶಕದಲ್ಲಿ ಕಟ್ಟಿದ್ದು, 2018ರ ನೀರಿಗೆ ಒಂದು ಭಾಗ ಕೊಚ್ಚಿ ಹೋಯ್ತು. ಬೀಳೋ ವಿಡಿಯೊ ಎಲ್ಲರ ಫೋನಿಗೂ ಬಂತು. ನಿಂತಿದ್ದಾಗ ಒಂದು ದಿನ ಪೂರ್ತಿ ಅದರ ಕೆಳಗೆ ಬೆಳಕು ಹೆಂಗೆ ಸರೀತಿತ್ತು ಅಂತ ಯಾರು ಹಿಡಿದಿಟ್ರು? ಚೆಂದ ಅಂತ ನೋಡಿದೋರು ಇನ್ನೂ ನಾಲ್ಕು ಜನ ಇದ್ದಿದ್ರೆ ಅದರ ಬುಡ ಸವೀತಿದ್ದಾಗಲೇ ಯಾರಾದ್ರೂ ಕೂಗ್ತಿದ್ರೇನೋ.

ದೊಡ್ಡಪ್ಪ: ಏನೋ. ಹೊಳೆ ಕೇಳ್ತಿರ್ಲಿಲ್ಲ.

ಹುಡುಗಿ: ಹೊಳೆಗಲ್ಲ, ಗೇಟಿನೋರಿಗೆ.

ದೊಡ್ಡಪ್ಪ ನಗಲಿಲ್ಲ, ಆದರೆ ತಲೆ ಎತ್ತಿ ಅವಳನ್ನು ನೋಡಿದರು. ತಮ್ಮ ಮಾತನ್ನೇ ಅವಳು ತಿರುಗಿಸಿ ಕೊಟ್ಟದ್ದು ಅವರಿಗೆ ಗೊತ್ತಾಗಿತ್ತು.

ಹುಡುಗಿ: ಮೈಸೂರಿನವರೇ ಎನ್.ಎಸ್. ಹರ್ಷ ಇದ್ದಾರೆ, ನಮ್ಮ ಕಾವಾದಲ್ಲೇ ಓದಿದೋರು. ದೇಶ ದೇಶಗಳಲ್ಲಿ ಪ್ರದರ್ಶನ ಮಾಡಿದೋರು. 2005ರಲ್ಲಿ ತುಮಕೂರಿನ ಒಂದು ಶಾಲೆ ಮಕ್ಕಳ ಜೊತೆ ಬಂಡೆ ಮೇಲೆ ಬಟ್ಟೆ ಅಂಟಿಸಿ ಉದ್ದುದ್ದ ನೆರಳು ಮಾಡಿದ್ರು. ಒಂದೊಂದು ಮಗುವಿಗೂ ಒಂದೊಂದು ನೆರಳು, ಆಳೆತ್ತರಕ್ಕಿಂತ ಮೂರು ಪಟ್ಟು ಉದ್ದ. ಅದನ್ನ ಯಾವ ಮ್ಯೂಸಿಯಮ್ಮಿಗೆ ಹೊತ್ಕೊಂಡು ಹೋಗೋಕಾಗುತ್ತೆ? ಬಂಡೆ ಅಲ್ಲೇ ಇದೆ, ಮಕ್ಕಳು ದೊಡ್ಡೋರಾಗಿದ್ದಾರೆ. ನನಗೆ ಅಂಥದ್ದು ಬೇಕು. ನಮ್ಮೂರ ಹುಡುಗರನ್ನ ಸೇರಿಸ್ಕೊಂಡು ಕಟ್ತೀನಿ. ಸಿನಿಮಾ ಮೊದಲು ನಮ್ಮ ಶಾಲೆ ಗೋಡೆ ಮೇಲೆ ಹಾಕ್ತೀನಿ, ಆಮೇಲೆ ಕಾಲೇಜು.

ದೊಡ್ಡಪ್ಪ: ನೋಡಿ ಹುಡುಗ್ರು ಏನ್ ಕೇಳ್ತವ ಗೊತ್ತ? ಅಕ್ಕ, ನೀರು ಬಂದಾಗ ಸುತ್ತ ಯಾಕ ಎತ್ತಿಡ್ಲಿಲ್ಲ ಅಂತ.

ಹುಡುಗಿ: ಕೇಳ್ಲಿ. ಅದನ್ನೇ ಕೇಳ್ಬೇಕು.

ದೊಡ್ಡಪ್ಪ: ನೀನೇನ್ ಹೇಳ್ತೀಯ?

ಅವಳು ಬಾಯಿ ತೆರೆದು ಸುಮ್ಮನಾದಳು. ಬೀದಿಯಲ್ಲಿ ಒಂದು ಆಟೋ ಹೋಯಿತು. ಇಬ್ಬರೂ ಕಿವಿ ನಿಮಿರಿಸಿ ಕೇಳಿದರು. ಮೈಕ್ ಇರಲಿಲ್ಲ. ಸೊಪ್ಪಿನ ಮೂಟೆ ಹೇರಿಕೊಂಡ ಆಟೋ.

ದೊಡ್ಡಪ್ಪ ಚಂದ್ರಿಕೆಯನ್ನು ಗೋಡೆಗೆ ಒರಗಿಸಿ ಎದ್ದರು. ಹಿತ್ತಲಿಗೆ ಹೋಗಿ ಬಂದರು. ಕೈಯಲ್ಲಿ ಒಂದು ಹಳೆಯ ಬಾಂಡ್ಲಿ, ಅದರಲ್ಲಿ ಆಗತಾನೆ ಹಾಕಿದ ಸಗಣಿ.

ದೊಡ್ಡಪ್ಪ: ಗೋಡುಮಣ್ಣಿಗ ಬರೀ ಸಗಣಿ ಕಲಸುದ್ರ ಬಿಸ್ಲಿಗ ಬಿರುಕು ಬಿಡ್ತದ. ಬತ್ತದ ಹೊಟ್ಟು ಹಾಕ್ಬೇಕು. ಒಂದ್ ರಾತ್ರಿ ನೆನೀಬೇಕು. ತುಳೀಬೇಕು, ಕೈಲಿ ಆಗಲ್ಲ. ಮೂಲೆ ಇಲಿ ತಿಂದದ ನೋಡು, ಅಲ್ಲಿಗ ಬಿದಿರು ಪಟ್ಟಿ ನೆನ್ಸಿ ಬಗ್ಗಿಸ್ಬೇಕು. ಹಸೀದು ಬಗ್ಗಿಸುದ್ರ ಒಣಗ್ದಾಗ ಬಿಟ್ಕತ್ತದ.

ಹುಡುಗಿ: ನೀನು ಕಲಸೋದನ್ನ ಹಿಡ್ಕೊಳ್ಲಾ? ಕೈ ಮಾತ್ರ.

ದೊಡ್ಡಪ್ಪ: ಮೊದ್ಲು ನೀನು ತುಳಿ. ಕ್ಯಾಮೆರಾ ಆಮ್ಯಾಲ.

ಹುಡುಗಿ: ಸರಿ. ಇನ್ನೊಂದು ಚಂದ್ರಿಕೆನೂ ಇಳಿಸ್ತೀನಿ. ಎರಡಿದ್ರೆ ಒಂದನ್ನ ಹೊರಸುತ್ತಿಗೆ ಇಡಬೋದು.

ದೊಡ್ಡಪ್ಪ: ಬ್ಯಾಡ. ಒಂದ್ ತಗ. ಇನ್ನೊಂದು ಅಟ್ಟದಲ್ಲೇ ಇರ್ಲಿ.

ಹುಡುಗಿ: ಯಾಕೆ ದೊಡ್ಡಪ್ಪ? ಹುಳ ಬಿಟ್ಟು ಹತ್ತು ವರ್ಷದ ಮೇಲಾಯ್ತಲ್ಲ.

ದೊಡ್ಡಪ್ಪ: ಇರ್ಲಿ ಅಂದ್ನಲ್ಲ.